ಟೀಗೆ ಏನು ಬೆರೆಸಿದ್ರು?

ಎರಡನೇ ಮಹಾಯುದ್ಧದ ಕಾಲದಲ್ಲಿ ಬ್ರಿಟಿಷ್ ಸೈನಿಕರ ನಡುವೆ ಒಂದು ಮಾತು ಓಡಾಡ್ತಿತ್ತು. ನಮ್ಮ ಟೀಗೆ ಬ್ರೋಮೈಡ್ ಹಾಕ್ತಾರೆ, ಹೆಂಗಸರ ನೆನಪೇ ಬರಬಾರದು ಅಂತ! ಅಮೆರಿಕದ ಸೈನಿಕರು ಇದನ್ನೇ ಪೆಟ್ಲುಪ್ಪಿನ ಮೇಲೆ ಹೇಳ್ತಿದ್ರು.

ಬ್ರೋಮೈಡ್ ಅನ್ನೋ ಔಷಧಿ ಇದ್ದದ್ದು ನಿಜ. 1857ರಿಂದಲೂ ಮೂರ್ಛೆರೋಗಕ್ಕೆ ಅದರ ಹೆಸರು ಕೇಳಿಬಂದಿತ್ತು. ಆದರೆ ಅದು ಮಂಪರು ತರಿಸುತ್ತೆ. ದೇಹ ಸೇರಿದ್ದರಲ್ಲಿ ಅರ್ಧ ಹೊರಗೆ ಹೋಗೋಕೇ ಸುಮಾರು 12 ದಿನ ಬೇಕು. ದಿನಾ ಕುಡಿಸಿದ್ದರೆ ಬಂದೂಕು ಹಿಡಿದು ಕಾವಲು ನಿಂತವನೇ ತೂಕಡಿಸ್ತಿದ್ದ. ಯಾವ ಸೇನಾಧಿಕಾರಿ ಒಪ್ತಾನೆ ಹೇಳಿ? ಅಲ್ಲದೆ, ಟೀಯಿಂದಲೇ ಕೆಲಸ ಆಗೋದಿದ್ದರೆ ಸೇನೆ ಗುಹ್ಯರೋಗದ ಪೋಸ್ಟರ್ ಅಂಟಿಸಿ, ಕಾಂಡೋಮ್ ಯಾಕೆ ಹಂಚಬೇಕಿತ್ತು?

ಹಾಗಾದ್ರೆ ಆ ಹುಡುಗರು ಸುಳ್ಳು ಹೇಳಿದ್ರಾ? ನನಗೆ ಹಾಗನ್ನಿಸಲ್ಲ. ನಿದ್ದೆ ಇಲ್ಲ, ಮೈತುಂಬ ದಣಿವು, ನೆತ್ತಿ ಮೇಲೆ ಸಾವು. ಇಪ್ಪತ್ತರ ದೇಹವೂ ಸುಮ್ಮನಾಗೋಕೆ ಇಷ್ಟು ಸಾಲದೇ? ಆದರೆ ‘ನನಗೆ ಹೆದರಿಕೆ ಕಣೋ’ ಅಂತ ಪಕ್ಕದವನ ಹತ್ರ ಹೇಳೋದು ಹೇಗೆ? ಅಡುಗೆಯವನನ್ನ ಬೈದ್ರೆ ಎಲ್ಲರೂ ನಗ್ತಾರೆ. ಬೈಕೊಂಡೇ ಇನ್ನೊಂದು ಲೋಟ ಟೀ ಹಾಕಿಸ್ಕೊಳ್ತಿದ್ರು.