ಒಂಬತ್ತು ಗೆಲುವು, ಎಪ್ಪತ್ತಮೂರು ಸೋಲು

(ಶಾಲೆಯ ಸುವರ್ಣ ಮಹೋತ್ಸವದಲ್ಲಿ ಹಳೆಯ ವಿದ್ಯಾರ್ಥಿಗಳ ಪರವಾಗಿ ಆಡಿದ ಮಾತುಗಳು)



ನಿರೂಪಕರು ನನ್ನನ್ನು ಕರೆಯುವಾಗ "ಶಾಲೆಯ ಮೊದಲ ತಂಡದ ಹೆಮ್ಮೆಯ ವಿದ್ಯಾರ್ಥಿ" ಎಂದರು. ಮೊದಲ ತಂಡ ಎಂಬುದು ನಿಜ. 1972ರ ಜೂನ್ ತಿಂಗಳಲ್ಲಿ ಎಂಟನೇ ತರಗತಿಗೆ ಸೇರಿದವರಲ್ಲಿ ನಾನೂ ಒಬ್ಬ. ಆಗ ನಮ್ಮ ರಾಜ್ಯಕ್ಕೆ ಕರ್ನಾಟಕ ಎಂಬ ಹೆಸರು ಇನ್ನೂ ಬಂದಿರಲಿಲ್ಲ. ಹೆಮ್ಮೆಯ ವಿಷಯಕ್ಕೆ ಆಮೇಲೆ ಬರುತ್ತೇನೆ. ಮೊದಲು ಒಂದು ಆಟದ ಕಥೆ ಹೇಳಲು ಅಪ್ಪಣೆ ಕೊಡಿ.

ನನ್ನ ಮಗಳೂ ಇದೇ ಶಾಲೆಯಲ್ಲಿ ಓದಿದವಳು. ಈಗ ಅಮೆರಿಕದ ಫಿಲಡೆಲ್ಫಿಯಾದಲ್ಲಿದ್ದಾಳೆ. ನಾನು ಮೇಷ್ಟರ ಕೆಲಸದಿಂದ ನಿವೃತ್ತನಾದ ಮೇಲೆ ಆರು ತಿಂಗಳು ಅವಳ ಮನೆಯಲ್ಲಿದ್ದೆ. ಮೊಮ್ಮಗನಿಗೆ ಬ್ಯಾಸ್ಕೆಟ್‌ಬಾಲ್ ಹುಚ್ಚು. ಆ ಊರಿನ ವೃತ್ತಿಪರ ತಂಡದ ಹೆಸರು ಸೆವೆಂಟಿ ಸಿಕ್ಸರ್ಸ್. 1776ರಲ್ಲಿ ಅಮೆರಿಕದ ಸ್ವಾತಂತ್ರ್ಯ ಘೋಷಣೆಯಾದದ್ದು ಆ ಊರಿನಲ್ಲೇ, ಅದರ ನೆನಪಿಗೆ ಆ ಹೆಸರು. ಒಂದು ದಿನ ಹುಡುಗ ನನ್ನನ್ನು ಆಟಕ್ಕೆ ಕರೆದುಕೊಂಡು ಹೋದ. ಕ್ರೀಡಾಂಗಣದ ಚಾವಣಿಯಿಂದ ದೊಡ್ಡ ದೊಡ್ಡ ಬಾವುಟಗಳು ಇಳಿಬಿದ್ದಿದ್ದವು. 1967, 1983 ಎಂದು ಬರೆದಿತ್ತು. ತಂಡ ಕಪ್ ಗೆದ್ದ ವರ್ಷಗಳಂತೆ.

"ತಾತ, ನೀನು ಹೈಸ್ಕೂಲು ಸೇರಿದ್ದು ಯಾವಾಗ?" ಎಂದು ಕೇಳಿದ. 1972 ಎಂದೆ. ಅವನು ಬಿದ್ದು ಬಿದ್ದು ನಕ್ಕ. "ಆ ವರ್ಷದ ಬಾವುಟ ಇಲ್ಲಿಲ್ಲ, ಇರೋದೂ ಇಲ್ಲ" ಎಂದ.

ಯಾಕೆಂದು ಕೇಳಿದಾಗ ಅವನು ಹೇಳಿದ್ದು ಇದು. ಅಲ್ಲಿನ ಲೀಗಿನಲ್ಲಿ ಒಂದು ಸೀಸನ್ ಎಂದರೆ ಪ್ರತಿ ತಂಡಕ್ಕೂ 82 ಪಂದ್ಯ. ಅರ್ಧ ಸ್ವಂತ ಊರಿನಲ್ಲಿ, ಅರ್ಧ ಹೊರಗೆ. 1972ರ ಅಕ್ಟೋಬರ್‌ನಲ್ಲಿ ಶುರುವಾದ ಸೀಸನ್ನಿನಲ್ಲಿ ಈ ತಂಡ ಮೊದಲ 15 ಪಂದ್ಯಗಳನ್ನೂ ಸೋತಿತು. 51 ಪಂದ್ಯ ಮುಗಿದಾಗ ಗೆದ್ದದ್ದು ನಾಲ್ಕು, ಸೋತದ್ದು 47. ಕಾಲೇಜು ತಂಡಕ್ಕೆ ಕಲಿಸುತ್ತಿದ್ದ ರಾಯ್ ರೂಬಿನ್ ಎಂಬುವರನ್ನು ಆ ವರ್ಷವೇ ತರಬೇತುದಾರರಾಗಿ ತಂದಿದ್ದರು, ಅವರನ್ನು ನಡುವೆಯೇ ಮನೆಗೆ ಕಳಿಸಿದರು. ಆಟಗಾರನೇ ಆಗಿದ್ದ ಕೆವಿನ್ ಲಾಫ್ರಿಗೆ ಆ ಕೆಲಸ ವಹಿಸಿದರು. ಸೋಲು ನಿಲ್ಲಲಿಲ್ಲ. ಒಂದು ಹಂತದಲ್ಲಿ ಸತತ 20 ಸೋಲು. ಆಮೇಲೆ ಏನಾಯಿತೋ, ಏಳು ಪಂದ್ಯಗಳಲ್ಲಿ ಐದನ್ನು ಗೆದ್ದರು. ಇನ್ನೇನು ದಾರಿಗೆ ಬಂತು ಎನ್ನುವಾಗ ಕೊನೆಯ 13 ಪಂದ್ಯಗಳನ್ನೂ ಕಳೆದುಕೊಂಡರು. ಒಟ್ಟು ಲೆಕ್ಕ ಒಂಬತ್ತು ಗೆಲುವು, ಎಪ್ಪತ್ತಮೂರು ಸೋಲು. 82 ಪಂದ್ಯಗಳ ಸೀಸನ್ನಿನಲ್ಲಿ ಅದಕ್ಕಿಂತ ಕಡಿಮೆ ಗೆದ್ದ ತಂಡ ಈವರೆಗೂ ಇಲ್ಲ.

ಇದು ಮೊದಲಿನಿಂದಲೂ ದರಿದ್ರ ತಂಡವೇ ಎಂದುಕೊಳ್ಳಬೇಡಿ. ಆರೇ ವರ್ಷದ ಹಿಂದೆ, 1967ರಲ್ಲಿ, 68 ಪಂದ್ಯ ಗೆದ್ದು ಕಪ್ ಎತ್ತಿದ್ದ ತಂಡವೂ ಇದೇ. ದೊಡ್ಡ ಆಟಗಾರ ವಿಲ್ಟ್ ಚೇಂಬರ್ಲೇನ್ 1968ರಲ್ಲಿ ಬೇರೆ ತಂಡಕ್ಕೆ ಹೋದ. ಬಿಲ್ಲಿ ಕನ್ನಿಂಗ್‌ಹ್ಯಾಮ್ 1972ರಲ್ಲಿ ಬೇರೆ ಲೀಗಿಗೇ ಹೋದ. ಉಳಿದಿದ್ದ ಹಳೆಯ ಹುಲಿ ಹಾಲ್ ಗ್ರೀರ್‌ಗೆ ವಯಸ್ಸಾಗಿತ್ತು, ಅವನಿಗೆ ಅದೇ ಕೊನೆಯ ಸೀಸನ್ ಆಯಿತು. ಕಟ್ಟುವುದಕ್ಕೆ ಬಹಳ ಕಾಲ ಬೇಕು, ಕುಸಿಯುವುದಕ್ಕೆ ನಾಲ್ಕು ಮಂದಿ ಎದ್ದುಹೋದರೆ ಸಾಕು.

ಈ ಕಥೆಯಲ್ಲಿ ನನ್ನ ಮನಸ್ಸು ಹಿಡಿದವನು ಫ್ರೆಡ್ ಕಾರ್ಟರ್. ಆ ಸೋತ ತಂಡದಲ್ಲಿ ಪಂದ್ಯಕ್ಕೆ ಸರಾಸರಿ 20 ಅಂಕ ಗಳಿಸಿದ. ತಂಡದ ಅತ್ಯುತ್ತಮ ಆಟಗಾರ ಎಂಬ ಗೌರವ ಅವನಿಗೇ ಬಂತು. ಎಪ್ಪತ್ತಮೂರು ಸಲ ಸೋತ ತಂಡದ ಅತ್ಯುತ್ತಮ ಆಟಗಾರ! ಕೇಳಿದವರಿಗೆ ನಗು ಬರುತ್ತದೆ. ಆದರೆ ಯೋಚಿಸಿ, ನಿನ್ನೆ ಸೋತು ಇವತ್ತು ಮತ್ತೆ ಬೂಟು ಕಟ್ಟಿಕೊಂಡು ಅಂಗಳಕ್ಕೆ ಇಳಿಯುವವರು ಇರದಿದ್ದರೆ ತಂಡ ಎಂಬುದೇ ಉಳಿಯುತ್ತಿರಲಿಲ್ಲ.

ಆ ಲೀಗಿನಲ್ಲಿ ಇನ್ನೊಂದು ನಿಯಮವಿದೆ. ತಳದಲ್ಲಿ ಉಳಿದ ತಂಡಗಳಿಗೆ ಹೊಸ ಆಟಗಾರರನ್ನು ಆರಿಸಿಕೊಳ್ಳುವಾಗ ಮುಂಚಿನ ಸರದಿ. 1973ರಲ್ಲಿ ಮೊಟ್ಟಮೊದಲ ಆಯ್ಕೆ ಈ ತಂಡಕ್ಕೇ ಸಿಕ್ಕಿ, ಡಗ್ ಕಾಲಿನ್ಸ್ ಎಂಬ ಒಳ್ಳೆಯ ಹುಡುಗ ಬಂದ. ಇದು ದಾನಧರ್ಮವಲ್ಲ. ಒಂದು ತಂಡ ಸತ್ತರೆ ಆಟವೇ ಸೊರಗುತ್ತದೆ ಎಂಬ ವ್ಯವಹಾರಜ್ಞಾನ. ನಮ್ಮಲ್ಲಿ ಫಲಿತಾಂಶ ಕಡಿಮೆ ಬಂದ ಶಾಲೆಗೆ ಏನು ಸಿಗುತ್ತದೆ ಎಂಬುದನ್ನು ಇಲ್ಲಿ ಕುಳಿತಿರುವ ಶಿಕ್ಷಕರೇ ಹೇಳಬೇಕು.

ಮುಂದಿನ ವರ್ಷಗಳಲ್ಲಿ ಆ ತಂಡದ ಗೆಲುವುಗಳು ಹೀಗಿವೆ: 9 ಆದ ಮೇಲೆ 25, ಆಮೇಲೆ 34, 46, 50. ನಮ್ಮ ಅಂಕಪಟ್ಟಿ ಇದ್ದ ಹಾಗೇ ಇದೆ. 1975ರಲ್ಲಿ ಮೂವತ್ನಾಲ್ಕು. ಆಗಿನ ಎಸ್‌ಎಸ್‌ಎಲ್‌ಸಿ ಲೆಕ್ಕದಲ್ಲಿ ಒಂದು ಅಂಕಕ್ಕೆ ಫೇಲು! 1977ರಲ್ಲಿ ತಂಡ ಅಂತಿಮ ಹಣಾಹಣಿಗೆ ಹೋಗಿ ಸೋತಿತು. 1983ರಲ್ಲಿ ಜೂಲಿಯಸ್ ಅರ್ವಿಂಗ್, ಮೋಸೆಸ್ ಮಲೋನ್ ಅವರ ಆಟದಿಂದ ಕಪ್ ಗೆದ್ದಿತು. ಆಗ ತರಬೇತುದಾರನಾಗಿದ್ದವನು ಹಿಂದೆ ಬಿಟ್ಟುಹೋಗಿದ್ದ ಅದೇ ಕನ್ನಿಂಗ್‌ಹ್ಯಾಮ್. ಕಾರ್ಟರನನ್ನು ಮಾತ್ರ 1977ರ ಆ ಅಂತಿಮ ಪಂದ್ಯಗಳಿಗೆ ಕೆಲವು ತಿಂಗಳ ಮೊದಲೇ ಬೇರೆ ತಂಡಕ್ಕೆ ಕೊಟ್ಟುಬಿಟ್ಟಿದ್ದರು. ಕೆಟ್ಟ ಕಾಲದಲ್ಲಿ ಹೊತ್ತವನು ಒಳ್ಳೆಯ ಕಾಲಕ್ಕೆ ಅಲ್ಲಿರಲಿಲ್ಲ. ಎಷ್ಟೋ ವರ್ಷಗಳ ಮೇಲೆ, 1990ರ ದಶಕದಲ್ಲಿ, ಅವನೇ ಆ ತಂಡಕ್ಕೆ ತರಬೇತುದಾರನಾಗಿ ಬಂದ.

ಈಗ ನಮ್ಮ ಹೆಮ್ಮೆಯ ವಿಷಯ. 1975ರಲ್ಲಿ ನಮ್ಮ ಮೊದಲ ತಂಡ ಎಸ್‌ಎಸ್‌ಎಲ್‌ಸಿ ಬರೆಯಿತು. ಪಾಸಾದವರು ಇಬ್ಬರೇ. ಆ ಇಬ್ಬರಲ್ಲಿ ನಾನಿರಲಿಲ್ಲ. ಗಣಿತದಲ್ಲಿ ನನಗೆ ಆ ಮೂವತ್ನಾಲ್ಕೂ ಬಂದಿರಲಿಲ್ಲ. "ಈ ಸ್ಕೂಲು ಮುಚ್ಚೋದೇ ವಾಸಿ" ಎಂದು ಅರಳಿಕಟ್ಟೆಯಲ್ಲಿ ಕುಳಿತವರು ಅಂದರು. ಗಣಿತದ ಮೇಷ್ಟ್ರು ಸಂಜೆ ಲಾಂದ್ರದ ಬೆಳಕಿನಲ್ಲಿ ಫೇಲಾದವರಿಗೆ ಮತ್ತೆ ಪಾಠ ಹೇಳಿದರು. ನಾನು ಅಕ್ಟೋಬರ್‌ನಲ್ಲಿ ಕಟ್ಟಿ ಪಾಸಾದೆ, ಮೇಷ್ಟರೂ ಆದೆ.

ನನ್ನ ಬೆಂಚಿನಲ್ಲಿ ಕೂರುತ್ತಿದ್ದ ಗೆಳೆಯ ನನಗಿಂತ ಚೆನ್ನಾಗಿ ಲೆಕ್ಕ ಮಾಡುತ್ತಿದ್ದ. ಇಂಗ್ಲಿಷಿನಲ್ಲಿ ಹೋಗಿತ್ತು. ಮತ್ತೆ ಕಟ್ಟಲು ಫೀಸಿಗೆ ದುಡ್ಡಿರಲಿಲ್ಲ. ನಮ್ಮ ಮನೆಯಲ್ಲಿತ್ತು, ಅಪ್ಪನನ್ನು ಕೇಳಬಹುದಿತ್ತು. ನಾನು ಕೇಳಲಿಲ್ಲ. ಅವನು ಕೂಲಿಗೆ ಹೋದ. ಆದರೆ ಅನುಕೂಲ ಇದ್ದವರೆಲ್ಲ ಮಕ್ಕಳನ್ನು ಪೇಟೆಯ ಶಾಲೆಗೆ ಹಾಕಿದ ಕಾಲದಲ್ಲಿ ಅವನು ತನ್ನ ಮೂವರು ಮಕ್ಕಳನ್ನೂ ಈ ಶಾಲೆಗೇ ಕಳಿಸಿದ. ಈಗ ಮೊಮ್ಮಗಳು ಒಂಬತ್ತನೇ ತರಗತಿಯಲ್ಲಿದ್ದಾಳೆ. ಮಕ್ಕಳಿಲ್ಲದಿದ್ದರೆ ಶಾಲೆ ಎಲ್ಲಿ? ಐವತ್ತು ವರ್ಷ ಈ ಬಾಗಿಲು ತೆರೆದಿರುವುದು ಅಂಥವರಿಂದ.

ನಿನ್ನೆ ಈ ಶಾಮಿಯಾನದ ಗೂಟ ನೆಡುವವರಲ್ಲಿ ಅವನಿದ್ದ. ನಾಳೆ ವೇದಿಕೆಗೆ ಬಾ ಎಂದೆ. "ಫೇಲಾದವನಿಗೆ ಅಲ್ಲೇನು ಕೆಲಸ?" ಎಂದ. ನನಗೆ ಉತ್ತರ ಹೊಳೆಯಲಿಲ್ಲ.

ಸಂಚಿಕೆಯ ಸಮಿತಿಯವರಲ್ಲಿ ಒಂದು ಬೇಡಿಕೆ. ಹೆಚ್ಚು ಅಂಕ ಪಡೆದವರ ಪಟ್ಟಿ ಹಾಕುತ್ತಿದ್ದೀರಿ, ಹಾಕಿ, ಸಂತೋಷ. ಅದರ ಪಕ್ಕದ ಪುಟದಲ್ಲಿ 1972ರ ಹಾಜರಿ ಪುಸ್ತಕದಲ್ಲಿರುವ ಅಷ್ಟೂ ಹೆಸರುಗಳನ್ನು ಹಾಕಿ. ಅಂಕ ಬೇಡ, ಪಾಸು ಫೇಲು ಬೇಡ. ಬಂದಿದ್ದರು ಎಂಬುದಷ್ಟೇ ಸಾಕು. ಸಂಚಿಕೆ ಅಚ್ಚಾದ ಮೇಲೆ ಮೊದಲ ಪ್ರತಿಯನ್ನು ನಾನೇ ಅವನ ಮನೆಗೆ ಒಯ್ದು ಕೊಡುತ್ತೇನೆ.