ಬಾಣಂತಿಯ ಕೋಣೆಯಲ್ಲಿ ಅಗ್ಗಿಷ್ಟಿಕೆ



ಮಲೆನಾಡಿನ ಅನೇಕ ಮನೆಗಳಲ್ಲಿ ಮಳೆಗಾಲ ಹಾಗೂ ಚಳಿಗಾಲಗಳಲ್ಲಿ ಬಾಣಂತಿಯೂ ಹಸುಗೂಸೂ ಮಲಗುವ ಕೋಣೆಯಲ್ಲಿ ಕೆಂಡದ ಅಗ್ಗಿಷ್ಟಿಕೆಯನ್ನಿಡುವ ವಾಡಿಕೆಯುಂಟು. ಶೀತ ತಗಲದಿರಲೆಂದು ಕಿಟಕಿ ಬಾಗಿಲುಗಳನ್ನೂ ಮುಚ್ಚುತ್ತಾರೆ. ಕೂಸನ್ನು ಬೆಚ್ಚಗಿಡಬೇಕೆಂಬ ಹಿರಿಯರ ಮಾತು ಸರಿಯಾದುದೇ. ಆದರೆ ಯಾವ ಉರುವಲನ್ನು ಎಲ್ಲಿ ಉರಿಸಬೇಕೆಂಬುದನ್ನು ಅರಿಯದಿದ್ದರೆ ಕಾಯಬೇಕಾದ ಬೆಂಕಿಯೇ ಕೊಲ್ಲುವುದು.

ಹಸಿ ಸೌದೆ ಹೊಗೆಯಾಡುತ್ತದೆ, ಕಣ್ಣು ಉರಿಯುತ್ತದೆ, ನಾವು ಎಚ್ಚರಗೊಳ್ಳುತ್ತೇವೆ. ಇದ್ದಿಲಿನ ಕೆಂಡದಲ್ಲಿ ಹೊಗೆ ಕಾಣುವುದಿಲ್ಲ. ಆದುದರಿಂದ ಅದು ನಿರಪಾಯವೆಂದು ಭಾವಿಸುತ್ತೇವೆ. ಇದು ದೊಡ್ಡ ತಪ್ಪು. ಕೆಂಡದಿಂದ ಕಾರ್ಬನ್ ಮಾನಾಕ್ಸೈಡ್ ಎಂಬ ವಿಷಾನಿಲ ಹೊರಡುತ್ತದೆ. ಅದಕ್ಕೆ ಬಣ್ಣವಿಲ್ಲ, ವಾಸನೆಯಿಲ್ಲ. ನಮ್ಮ ರಕ್ತದ ಹಿಮೋಗ್ಲೋಬಿನ್ ಆಮ್ಲಜನಕಕ್ಕಿಂತ 200 ಪಟ್ಟಿಗೂ ಮಿಗಿಲಾದ ಬಲದಿಂದ ಈ ಅನಿಲವನ್ನು ಹಿಡಿದುಕೊಳ್ಳುತ್ತದೆ. ಮಿದುಳಿಗೂ ಹೃದಯಕ್ಕೂ ಆಮ್ಲಜನಕ ಸಾಲದೆ, ಮಲಗಿದವರು ನಿದ್ರೆಯಲ್ಲಿಯೇ ಪ್ರಾಣ ಕಳೆದುಕೊಳ್ಳಬಹುದು. ಗರ್ಭಿಣಿಯು ಇದನ್ನು ಉಸಿರಾಡಿದರೆ ಗರ್ಭದಲ್ಲಿರುವ ಶಿಶುವಿಗೆ ತಾಯಿಗಿಂತಲೂ ಹೆಚ್ಚಿನ ಅಪಾಯ.

ಆದುದರಿಂದ ಇದ್ದಿಲು, ಸೌದೆ, ಬೆರಣಿ ಇವುಗಳಲ್ಲಿ ಯಾವುದರ ಅಗ್ಗಿಷ್ಟಿಕೆಯನ್ನೂ ಮಲಗುವ ಕೋಣೆಯಲ್ಲಿ ಇಡಬೇಡಿರಿ. ಕಿಟಕಿಯನ್ನು ತುಸು ತೆರೆದರೆ ಸಾಕೆಂದು ನಂಬಬೇಡಿರಿ. ಬೆಂಕಿ ಇರಬೇಕಾದುದು ಹೊಗೆಕೊಳವೆಯುಳ್ಳ ಒಲೆಯಲ್ಲಿ. ಆ ಒಲೆಗೂ ಚೆನ್ನಾಗಿ ಒಣಗಿದ, ಸೀಳಿದ ಸೌದೆಯನ್ನೇ ಹಾಕಿರಿ. ಹಸಿ ಸೌದೆಯ ಹೊಗೆಯಿಂದ ಎಳೆಯ ಮಕ್ಕಳಿಗೆ ನ್ಯುಮೋನಿಯಾ ತಗಲುವ ಸಂಭವ ಹೆಚ್ಚುತ್ತದೆ. ಪ್ಲಾಸ್ಟಿಕ್, ಟೈರು, ಬಣ್ಣ ಬಳಿದ ಮರದ ಚೂರುಗಳನ್ನು ಉರಿಸಲೇಬೇಡಿರಿ. ಕೊಳವೆಯಲ್ಲಿ ಕಟ್ಟಿದ ಮಸಿಯನ್ನು ಆಗಾಗ ತೆಗೆಯಿರಿ.

ಹಾಗಾದರೆ ಕೂಸು ಬೆಚ್ಚಗಿರುವುದು ಹೇಗೆ? ತಾಯಿಯ ಎದೆಗೆ ಮೈಗೆ ಮೈ ತಾಗುವಂತೆ ಅದನ್ನು ಅಪ್ಪಿಸಿ, ಮುಖ ಮುಚ್ಚದಂತೆ ಕಂಬಳಿ ಹೊದಿಸಿರಿ. ತಲೆಗೆ ಕುಲಾವಿ, ಕಾಲಿಗೆ ಕಾಲುಚೀಲ ಇರಲಿ. ತಾಯಿ ದಣಿದಾಗ ತಂದೆಯೂ ಹೀಗೆಯೇ ಎದೆಗಪ್ಪಿಕೊಳ್ಳಬಹುದು. ಇದರಲ್ಲಿ ನಾಚಿಕೆಪಡಬೇಕಾದುದೇನೂ ಇಲ್ಲ.

ತವರಿನಲ್ಲಾಗಲಿ ಅತ್ತೆಯ ಮನೆಯಲ್ಲಾಗಲಿ ಹಿರಿಯರು ಒಪ್ಪದಿದ್ದರೆ ಪತಿಯೇ ವಿನಯದಿಂದ ತಿಳಿಯಹೇಳಬೇಕು. ಆ ಹೊಣೆಯನ್ನು ಬಾಣಂತಿಯ ಮೇಲೆ ಹೊರಿಸಬಾರದು. ಹಳೆಯ ಪದ್ಧತಿಯ ಉದ್ದೇಶವನ್ನು ನಾವು ಬಿಡುತ್ತಿಲ್ಲ, ಅಪಾಯವನ್ನಷ್ಟೇ ಬಿಡುತ್ತಿದ್ದೇವೆ ಎಂದು ಹೇಳಿರಿ.

ಬೆಂಕಿಯಿರುವ ಕೋಣೆಯಲ್ಲಿ ಯಾರಿಗಾದರೂ ತಲೆನೋವು, ವಾಕರಿಕೆ, ತಲೆಸುತ್ತು ಕಂಡರೆ, ಕೂಸು ಮಂಕಾಗಿ ಹಾಲು ಕುಡಿಯದಿದ್ದರೆ, ಎಲ್ಲರನ್ನೂ ತಕ್ಷಣವೇ ಹೊರಗಿನ ಗಾಳಿಗೆ ಕರೆತನ್ನಿರಿ. 108ಕ್ಕೆ ಕರೆಮಾಡಿ ಆಸ್ಪತ್ರೆಗೆ ಸಾಗಿಸಿರಿ. ಬೆಳಗಾಗಲೆಂದು ಕಾಯಬೇಡಿರಿ.

ಬೆಚ್ಚನೆಯ ಮೈ, ಶುದ್ಧವಾದ ಗಾಳಿ ಇವೆರಡೂ ನಿಮ್ಮ ಕೂಸಿಗೆ ಸಲ್ಲಬೇಕಾದುವು. ಒಂದಕ್ಕಾಗಿ ಇನ್ನೊಂದನ್ನು ಕಸಿಯದಿರೋಣ.