ಗೋಲಿಯೊಳಗಿನ ಬಿರುಗಾಳಿ



ಬೇಸಿಗೆ ಮುಗಿಯುವ ಹೊತ್ತಿಗೆ ಒಂದೆರಡು ಸಲ ಆಲಿಕಲ್ಲು ಮಳೆ ಬೀಳುತ್ತದಲ್ಲ, ಆಗ ನಮ್ಮಜ್ಜಿ ಗೊರಬು ಹೊದ್ದು, ಕೈಯಲ್ಲೊಂದು ತಟ್ಟೆ ಹಿಡಿದು ಅಂಗಳಕ್ಕೆ ಓಡುತ್ತಿದ್ದಳು. ಹೆಕ್ಕಿದ ಕಲ್ಲು ಒಳಗೆ ಬರುವಷ್ಟರಲ್ಲಿ ಅರ್ಧ ಕರಗಿರುತ್ತಿತ್ತು. ಆ ನೀರನ್ನು ಸೀಸೆಗೆ ಸೋಸಿ, ಬಿರಡೆ ಒತ್ತಿ, ಅಟ್ಟದ ಮೇಲಿಡುತ್ತಿದ್ದಳು. ಬೆಂಕಿ ತಾಗಿದ ಕಡೆ ಹಚ್ಚಲಿಕ್ಕೆ. ಔಷಧಿಯ ಗುಣ ಹಾಗಿರಲಿ, ಆ ಸೀಸೆಗೊಂದು ಗತ್ತಿತ್ತು. ಅದು ಅಂಗಡಿಯಲ್ಲಿ ಸಿಗುವ ಸಾಮಾನಲ್ಲ; ಆಕಾಶ ಕೊಟ್ಟಾಗ ಓಡಿಹೋಗಿ ಹೆಕ್ಕಬೇಕು. ಸ್ವಾತಿ ಮಳೆಯ ಹನಿ ಚಿಪ್ಪಿನೊಳಗೆ ಬಿದ್ದು ಮುತ್ತಾಗುತ್ತದೆ ಎಂಬ ನಂಬಿಕೆಯೂ ಇದೇ ವಂಶದ್ದು.

ಇವತ್ತು ನಾನು ಮಾತಾಡಹೊರಟಿರುವುದೂ ಅಂಥದೇ ಒಂದು ವಸ್ತುವಿನ ಬಗ್ಗೆ. ಆದರೆ ಅದು ಇರುವುದು ಕಾದಂಬರಿಯಲ್ಲಿ. ಅಮೆರಿಕದ ಬ್ರ್ಯಾಂಡನ್ ಸ್ಯಾಂಡರ್ಸನ್ 2010ರಲ್ಲಿ ‘ದಿ ವೇ ಆಫ್ ಕಿಂಗ್ಸ್’ ಪ್ರಕಟಿಸಿದರು. ‘ಸ್ಟಾರ್ಮ್‌ಲೈಟ್ ಆರ್ಕೈವ್’ ಎಂಬ ಮಾಲೆಯ ಮೊದಲ ಪುಸ್ತಕ ಅದು. ಐದನೆಯದು 2024ರಲ್ಲಿ ಬಂತು. ಒಂದೊಂದೂ ಸಾವಿರ ಪುಟ ದಾಟಿದ್ದು. ಯುದ್ಧದ ವರ್ಣನೆ ಬಂದಾಗಲೆಲ್ಲ ನಾನು ನಾಲ್ಕಾರು ಪುಟ ಹಾರಿಸುತ್ತೇನೆ ಅಂತ ಮೊದಲೇ ಒಪ್ಪಿಕೊಂಡುಬಿಡುತ್ತೇನೆ. ಆದರೆ ಅದರಲ್ಲಿ ಬರುವ ‘ಸ್ಟಾರ್ಮ್‌ಲೈಟ್’, ಅಂದರೆ ಬಿರುಗಾಳಿ ಬೆಳಕು, ಅದರ ವಿಷಯ ಬಂದರೆ ಒಂದು ಸಾಲನ್ನೂ ಬಿಡುವುದಿಲ್ಲ.

ಆ ಲೋಕದ ಹೆಸರು ರೋಷರ್. ಕೆಲವು ದಿನಗಳಿಗೊಮ್ಮೆ ಮೂಡಲಿಂದ ಪಡುವಣಕ್ಕೆ ಭೀಕರ ಬಿರುಗಾಳಿ ಅಲ್ಲಿ ಬೀಸಿ ಹೋಗುತ್ತದೆ. ಬಂಡೆಗಳನ್ನೇ ಎತ್ತಿ ಎಸೆಯುವಂಥದ್ದು. ಅದಕ್ಕೆ ತಕ್ಕಂತೆ ಇಡೀ ಬದುಕು ರೂಪುಗೊಂಡಿದೆ. ಹೆಚ್ಚಿನ ಕಡೆ ಮಣ್ಣೇ ಇಲ್ಲ, ಬರೀ ಕಲ್ಲು. ಹೆಜ್ಜೆ ಸಪ್ಪಳ ಕೇಳಿದರೆ ಹುಲ್ಲು ಬಿಲದೊಳಗೆ ಸರಕ್ಕನೆ ಸೇರಿಕೊಳ್ಳುತ್ತದೆ, ನಮ್ಮ ಮುಟ್ಟಿದರೆ ಮುನಿ ಎಲೆ ಮಡಚಿಕೊಂಡ ಹಾಗೆ. ಪ್ರಾಣಿಗಳಿಗೆ ಏಡಿಯ ಹಾಗೆ ಚಿಪ್ಪು. ಗಾಳಿಗೆ ಎದುರಾಗುವ ಗೋಡೆಗೆ ಕಿಟಕಿ ಇಡುವುದಿಲ್ಲ. ಮಳೆನೀರಿನಲ್ಲಿ ಬರುವ ಕೆಸರು ಒಣಗಿ ಕಲ್ಲಾಗುವುದರಿಂದ ಆಗಾಗ ಮನೆಯನ್ನೇ ಕೆರೆದು ತೆಗೆಯಬೇಕು.

ಇಷ್ಟೆಲ್ಲ ಕಾಟ ಕೊಡುವ ಗಾಳಿ ಒಂದು ವರವನ್ನೂ ಕೊಡುತ್ತದೆ. ರತ್ನದ ಹರಳನ್ನು ಆ ಗಾಳಿಗೆ ಒಡ್ಡಿಟ್ಟರೆ ಬೆಳಕು ತುಂಬಿಕೊಳ್ಳುತ್ತದೆ. ಆ ಬೆಳಕನ್ನು ಉಸಿರಿನಂತೆ ಒಳಗೆಳೆದುಕೊಳ್ಳಬಲ್ಲ ಕೆಲವರ ಗಾಯ ಮಾಯುತ್ತದೆ, ಗೋಡೆಯ ಮೇಲೂ ಅವರು ನಡೆಯುತ್ತಾರೆ. ಇಷ್ಟನ್ನು ಯಾರು ಬೇಕಾದರೂ ಕಲ್ಪಿಸಿಯಾರು. ಸ್ಯಾಂಡರ್ಸನ್ನರ ಕಸುಬುಗಾರಿಕೆ ಶುರುವಾಗುವುದು ಇದರ ಆಚೆಗೆ. ಅವರು ಆ ಹರಳನ್ನು ಗಾಜಿನ ಗೋಲಿಯೊಳಗೆ ಕೂರಿಸಿ, ಉರುಳದಂತೆ ಒಂದು ಬದಿ ಚಪ್ಪಟೆ ಮಾಡಿ, ಜನರ ಜೇಬಿಗೆ ಹಾಕಿದರು. ಅದೇ ಅಲ್ಲಿಯ ದುಡ್ಡು. ಚಿಪ್ ಅಂದರೆ ಚಿಲ್ಲರೆ, ಮಾರ್ಕ್ ಅದಕ್ಕಿಂತ ದೊಡ್ಡದು, ಬ್ರೋಮ್ ಎಲ್ಲಕ್ಕಿಂತ ದೊಡ್ಡದು. ಅದೇ ದೀಪ ಕೂಡ: ಬಟ್ಟಲಲ್ಲಿ ನಾಲ್ಕು ಬ್ರೋಮ್ ಸುರಿದಿಟ್ಟರೆ ಕೋಣೆ ಬೆಳಗುತ್ತದೆ. ಉಳ್ಳವರ ಮನೆಯಲ್ಲಿ ದುಡ್ಡೇ ಉರಿಯುತ್ತದೆ ಅನ್ನಿ! ಬೆಳಗುವ ಗೋಲಿಯನ್ನು ವ್ಯಾಪಾರಿ ಕಣ್ಣುಮುಚ್ಚಿ ತೆಗೆದುಕೊಳ್ಳುತ್ತಾನೆ, ಬರಿ ಗಾಜಿನಲ್ಲಿ ಬೆಳಕು ನಿಲ್ಲುವುದಿಲ್ಲವಾದ್ದರಿಂದ. ಕಪ್ಪಾದ ಗೋಲಿ ಕೊಟ್ಟರೆ ಅನುಮಾನದಿಂದ ನೋಡುತ್ತಾನೆ.

2007ರಲ್ಲಿ ಬಂದ ‘ಸ್ಟಾರ್‌ಡಸ್ಟ್’ ಸಿನಿಮಾದಲ್ಲಿ ಹಾರುವ ಹಡಗಿನವರು ಮೋಡದ ನಡುವೆ ಮಿಂಚು ಹಿಡಿದು ತಂದು, ಬಂದರಿನಲ್ಲಿ ಚೌಕಾಸಿ ಮಾಡಿ ಮಾರುತ್ತಾರೆ. ನಗು ಉಕ್ಕಿಸುವ ದೃಶ್ಯ. ಆದರೆ ಮಾರಿ ಮುಗಿದ ಮೇಲೆ ಆ ಮಿಂಚು ಎಲ್ಲಿಗೆ ಹೋಯಿತು ಅಂತ ನಾವು ಕೇಳುವುದಿಲ್ಲ. ರೋಷರಿನಲ್ಲಿ ಕೇಳುತ್ತೇವೆ. ಯಾಕೆಂದರೆ ಅಲ್ಲಿಯ ಬೆಳಕು ಸೋರುತ್ತದೆ. ಹರಳಿನಲ್ಲಿ ಊನವಿದ್ದಷ್ಟೂ ಬೇಗ ಸೋರುತ್ತದೆ. ಒಳಗೆಳೆದುಕೊಂಡವನ ಮೈಯಿಂದಲೂ ಹೊಗೆಯಂತೆ ಹೊರಬೀಳುತ್ತದೆ. ವರ್ಷದಲ್ಲಿ ನಾಲ್ಕು ವಾರ ಬಿರುಗಾಳಿಯೇ ಇಲ್ಲದೆ ಸೋನೆ ಮಾತ್ರ ಸುರಿಯುತ್ತಿರುತ್ತದೆ. ಅದಕ್ಕೆ ಅವರಿಟ್ಟ ಹೆಸರು ‘ಅಳು’. ಆ ದಿನಗಳಲ್ಲಿ ಗೋಲಿಗಳೆಲ್ಲ ಒಂದೊಂದಾಗಿ ನಂದುತ್ತವೆ. ಆಷಾಢದಲ್ಲಿ ಸೀಮೆಎಣ್ಣೆ ಬುಡ್ಡಿಯ ತಳ ಅಲ್ಲಾಡಿಸಿ ನೋಡುತ್ತಿದ್ದ ಮಲೆನಾಡಿನ ಮನೆಗಳವರಿಗೆ ಆ ದಿಗಿಲನ್ನು ಯಾರೂ ವಿವರಿಸಬೇಕಿಲ್ಲ.

ಸ್ಯಾಂಡರ್ಸನ್ ಯೂಟಾದ ಬ್ರಿಗಮ್ ಯಂಗ್ ವಿಶ್ವವಿದ್ಯಾಲಯದಲ್ಲಿ ಕಥೆ ಬರೆಯುವುದನ್ನು ಕಲಿಸುವ ಮೇಷ್ಟ್ರೂ ಹೌದು. ಮಾಯೆಗೆ ಏನು ಸಾಧ್ಯ ಅನ್ನುವುದಕ್ಕಿಂತ ಏನು ಸಾಧ್ಯವಿಲ್ಲ ಅನ್ನುವುದೇ ಮುಖ್ಯ ಎಂಬುದು ಅವರ ಪ್ರಸಿದ್ಧ ಸೂತ್ರಗಳಲ್ಲೊಂದು. ನನಗನಿಸುವುದು, ಅವರೊಳಗೆ ಮಂತ್ರವಾದಿಗಿಂತ ಶಾನುಭೋಗನೇ ದೊಡ್ಡವನು. ಖಾತೆ ಪುಸ್ತಕ ಅಷ್ಟು ಚೊಕ್ಕ. ಎಷ್ಟು ಬೆಳಕು ಬಂತು, ಎಷ್ಟು ಖರ್ಚಾಯಿತು, ಎಷ್ಟು ಉಳಿಯಿತು.

ಆ ಲೆಕ್ಕದ ಸೊಗಸು ತಿಳಿಯಬೇಕಾದರೆ ಮೊದಲ ಪುಸ್ತಕದ ಒಂದು ಸನ್ನಿವೇಶ ನೋಡಬೇಕು. ಕಾಲಡಿನ್ ಎಂಬ ಗುಲಾಮ ದಂಡಿನಲ್ಲಿ ಸೇತುವೆ ಹೊರುವವನು. ಅವನು ಮಾಡಿದ ಒಂದು ತಪ್ಪಿನಿಂದ ಯುದ್ಧ ಕೆಡುತ್ತದೆ. ಶಿಕ್ಷೆಯೆಂದು ಅವನನ್ನು ಛಾವಣಿಯ ಅಂಚಿನಲ್ಲಿ ತಲೆಕೆಳಗಾಗಿ ಕಟ್ಟಿ, ಬರಲಿರುವ ಬಿರುಗಾಳಿಗೆ ಒಪ್ಪಿಸುತ್ತಾರೆ. ಅದರಲ್ಲಿ ಬದುಕಿ ಉಳಿದವರಿಲ್ಲ. ಟೆಫ್ಟ್ ಎಂಬ ವಯಸ್ಸಾದ ಜೊತೆಗಾರ ಬೆಳಗುವ ಗೋಲಿಯೊಂದನ್ನು ಅವನ ಕೈಗೆ ಕೊಟ್ಟು ಹೋಗುತ್ತಾನೆ, ಕತ್ತಲಲ್ಲಿ ಕಣ್ಣಿಗೊಂದಿಷ್ಟು ಬೆಳಕಿರಲಿ ಅಂತ.

ಗಾಳಿ ಬೀಸಿ ಹೋಗುತ್ತದೆ. ಜೊತೆಗಾರರು ಬಂದು ನೋಡಿದರೆ ಮೈಯೆಲ್ಲ ರಕ್ತ, ಆದರೆ ಜೀವ ಇದೆ. ಮುಷ್ಟಿ ಸಡಿಲವಾಗಿ ಗೋಲಿ ಕೆಳಗೆ ಬೀಳುತ್ತದೆ. ಬಿರುಗಾಳಿಯಲ್ಲಿ ನೆನೆದು ಬಂದ ಗೋಲಿ ಅದು, ಝಗಝಗ ಅನ್ನಬೇಕು. ಕಪ್ಪಾಗಿದೆ.

ಲೇಖಕ ಅಲ್ಲಿ ನಿಂತು ವಿವರಿಸುವುದಿಲ್ಲ. ನಾನೂ ಮೊದಲ ಸಲ ಅವನು ಬದುಕಿದ ಖುಷಿಯಲ್ಲಿ ಆ ಸಾಲು ದಾಟಿ ಮುಂದೆ ಹೋಗಿದ್ದೆ. ಹತ್ತು ಪುಟ ಓದಿದ ಮೇಲೆ ತಲೆಯಲ್ಲಿ ಲೆಕ್ಕ ತಪ್ಪಿದಂತಾಗಿ, ಓದುತ್ತಿದ್ದ ಪುಟದಲ್ಲಿ ಬೆರಳಿಟ್ಟುಕೊಂಡು, ಆ ಗೋಲಿಯನ್ನು ಹುಡುಕುತ್ತ ಹಿಂದಕ್ಕೆ ಬಂದೆ.